ಗುಜರಿಗೆ ಹೋಗುವ ಚರಿತ್ರೆ

ಕುಂಚವನ್ನು ಬಿಟ್ಟು ಚಲನಚಿತ್ರದ ಸುರುಳಿಯಿಂದಲೂ ಮನೆಬಳಕೆಯ ಪದಾರ್ಥಗಳಿಂದಲೂ ಕೃತಿಯನ್ನು ಕಟ್ಟುವವರು ಕಲಾವಿದರೇ ಅಲ್ಲವೆಂದೂ, ಅದೆಲ್ಲವೂ ಪರದೇಶದಿಂದ ಬಂದ ಹುಚ್ಚೆಂದೂ ಹೇಳುವವರು ಬೆಂಗಳೂರಿನಲ್ಲಿ ಇಂದಿಗೂ ಕಡಮೆಯಿಲ್ಲ. ಕನ್ನಡತನವು ಅಳಿಯುತ್ತಿದೆಯೆಂದು ಗಟ್ಟಿಯಾಗಿ ಕೂಗುವವರೂ ಅನೇಕವೇಳೆ ಇವರೇ. ಈ ಎರಡು ಮಾತುಗಳು ಒಂದೇ ಬಾಯಲ್ಲಿ ಹೇಗೆ ಕೂಡಿಬಾಳುತ್ತವೆಂಬುದನ್ನು ಪರೀಕ್ಷಿಸಬೇಕಾಗಿದೆ.

1956ರಲ್ಲಿ ಬೆಂಗಳೂರಿನಲ್ಲಿ ಜನಿಸಿದ ಎನ್. ಪುಷ್ಪಮಾಲಾ ಅವರು 2004ರಲ್ಲಿ ‘ರಾಷ್ಟ್ರೀಯ್ ಖೀರ್ ಮತ್ತು ದೇಶೀಯ್ ಸಲಾಡ್’ ಎಂಬ ಕಿರುಚಿತ್ರವನ್ನು ರಚಿಸಿದರು. ಅದರ ಮೂಲದ್ರವ್ಯವಾವುದು? ತಾಯಿಯೂ ಅತ್ತೆಯೂ ಬರೆದಿಟ್ಟಿದ್ದ ಅಡಿಗೆಯ ಟಿಪ್ಪಣಿ ಪುಸ್ತಕಗಳು! ಹೊಸದಾಗಿ ಸ್ವತಂತ್ರವಾದ ದೇಶವು ಸಂಸಾರವೊಂದರ ಅಡಿಗೆಮನೆಯನ್ನು ಹೊಕ್ಕ ಬಗೆಯು ಅಲ್ಲಿ ನಗೆಯೊಡನೆ ತೋರುತ್ತದೆ. ಆಯಿಷಾ ಅಬ್ರಹಾಂ ಅವರ 2005ರ ‘ಸ್ಟ್ರೈಟ್ 8’ ಹುಟ್ಟಿದುದು ಇದೇ ಊರಿನ ಹವ್ಯಾಸಿಯೊಬ್ಬರು ತೆಗೆದಿದ್ದ ಹಳೆಯ ಸುರುಳಿಗಳಿಂದ. ಭದ್ರಾವತಿಯಲ್ಲಿ ಹುಟ್ಟಿದ ಶೀಲಾ ಗೌಡ ಅವರು 2009ರಲ್ಲಿ ವೆನಿಸ್ ನಗರದ ಮಹಾಪ್ರದರ್ಶನದಲ್ಲಿ ಹೂಡಿದ ಪ್ರತಿಷ್ಠಾಪನ ಕೃತಿಯಾದರೋ, ವಾಹನಕ್ಕೆ ದೃಷ್ಟಿ ತಾಕದಿರಲೆಂದು ಚಾಲಕರು ಕಟ್ಟುವ ಕೂದಲ ಹಗ್ಗದಿಂದಾದುದು. ಸುಮಾರು 4 ಕಿಲೊಮೀಟರು ಉದ್ದದ ಆ ಹಗ್ಗವು ಮೋಟಾರಿನ ಬಂಪರುಗಳನ್ನು ತೂಗಿ ಹಿಡಿದಿತ್ತು. ಅಡಿಗೆಯ ಪುಸ್ತಕ, ಮನೆಯ ಸುರುಳಿ, ದೃಷ್ಟಿಯ ಹಗ್ಗ: ಇವುಗಳಲ್ಲಿ ಪರದೇಶದ್ದು ಯಾವುದು?

ದ್ರವ್ಯವು ಇಲ್ಲಿಯದಾದರೂ ರೂಪವು ಹೊರಗಿನದೆಂದು ವಾದಿಸಬಹುದು. ಪಿಟೀಲೂ ಹೊರಗಿನಿಂದ ಬಂದುದೇ. ಪಿಟೀಲಿಲ್ಲದ ಕಚೇರಿಯನ್ನು ಜಯನಗರದ ರಸಿಕರು ಒಪ್ಪುವರೆ?

ಜಯನಗರಕ್ಕೆ ಅಸ್ತಿಭಾರ ಬಿದ್ದುದು 1948ರಲ್ಲಿ. ಮೊದಲು ಬಂದು ನೆಲಸಿದ ಸಂಸಾರಗಳ ಮನೆಗಳು ಈಗ ಒಂದೊಂದಾಗಿ ಉರುಳಿ, ಆ ನಿವೇಶನಗಳಲ್ಲಿ ಬಹುಮಹಡಿಗಳೇಳುತ್ತಿವೆ. ಮನೆ ಉರುಳುವ ಮುನ್ನ ಅಟ್ಟವು ಬರಿದಾಗುತ್ತದೆ. ಅಜ್ಜಿಯ ಅಡಿಗೆಯ ಪುಸ್ತಕ, ಸ್ಟುಡಿಯೋದ ಭಾವಚಿತ್ರ, ಕಾಗದಗಳ ಕಟ್ಟು ಎಲ್ಲವೂ ಗುಜರಿಯವನ ತಕ್ಕಡಿಯನ್ನೇರುತ್ತವೆ. ಕಲ್ಲಿನಲ್ಲಿ ಕೊರೆದುದು ಮಾತ್ರವೇ ಶಾಸನವೆಂದು ತಿಳಿದವರಿಗೆ ತಾಯಿಯ ಕೈಬರಹವು ಶಾಸನವಾಗಿ ಕಾಣದು. ಅರಸನು ಯಾರಿಗೆ ಎಷ್ಟು ಭೂಮಿಯನ್ನು ದತ್ತಿ ಬಿಟ್ಟನೆಂಬುದನ್ನು ಕಲ್ಲು ಹೇಳೀತು. ಮಡದಿಯು ಆ ಭೂಮಿಯ ಬೆಳೆಯಿಂದ ಏನು ಬೇಯಿಸಿದಳೆಂಬುದನ್ನು ಹೇಳುವುದೆ? ಅದನ್ನು ಹೇಳಬಲ್ಲ ಕಾಗದವನ್ನು ತೂಕಕ್ಕೆ ಮಾರಿದವನು ಕನ್ನಡತನದ ಅಳಿವಿಗಾಗಿ ಗೋಳಿಡುವುದು ಬೀಜವನ್ನು ಹುರಿದು ತಿಂದು ಬೆಳೆಗಾಗಿ ಮುಗಿಲು ನೋಡಿದಂತೆಯೇ ಸರಿ.

ಕಲಾವಿದರ ಪಾಲಿನಲ್ಲಿಯೂ ದೋಷವಿಲ್ಲದಿಲ್ಲ. ಇಂಥ ಕೃತಿಗಳ ವಿವರಣೆಯು ಬಹುಮಟ್ಟಿಗೆ ಇಂಗ್ಲಿಷಿನಲ್ಲಿಯೇ ಉಳಿದಿದೆ. ಮನೆಯ ಹೊಸತಿಲಿನೊಳಗಿನ ವಸ್ತುವನ್ನು ಮನೆಯವರಿಗೆ ತಿಳಿಯದ ಮಾತಿನಲ್ಲಿ ಬಣ್ಣಿಸಿದರೆ ಅವರು ಮುಖ ತಿರುಗಿಸುವುದು ಸಹಜವೇ. ಆದರೆ ಈ ಕೊರತೆಯನ್ನು ತುಂಬಬೇಕಾದವರು ಕನ್ನಡದ ವಿಮರ್ಶಕರಲ್ಲದೆ ಮತ್ತಾರು? 1971ರಲ್ಲಿ ಹುಟ್ಟಿದ ಸುಚಿತ್ರಾ ಫಿಲಂ ಸೊಸೈಟಿಯ ನೆಲೆಯು ಬನಶಂಕರಿಯಲ್ಲಿಯೇ ಇದೆ. ಅಂತಹ ಸ್ಥಳಗಳಲ್ಲಿ ಈ ಚಿತ್ರಗಳು ತೋರಲ್ಪಡಲಿ. ಕನ್ನಡದಲ್ಲಿ ಚರ್ಚೆ ನಡೆಯಲಿ. ಒಪ್ಪದವರು ನೋಡಿ ಖಂಡಿಸಲಿ. ನೋಡದೆ ಖಂಡಿಸುವುದು ವಿಮರ್ಶೆಯಲ್ಲ, ಸೋಮಾರಿತನ.

ಅಲ್ಲಿಯವರೆಗೆ ಅಟ್ಟವನ್ನಿಳಿಸುವವರು ಇಷ್ಟನ್ನಾದರೂ ಮಾಡಲಿ: ತಕ್ಕಡಿಗೆ ಹಾಕುವ ಮುನ್ನ ಪ್ರತಿಯೊಂದು ಪುಸ್ತಕದ ಮೊದಲ ಹಾಳೆಯನ್ನು ತಿರುವಿ, ಅದು ಯಾರ ಕೈಬರಹವೆಂದು ನೋಡಲಿ.