ಮೂಕಿಗೆ ಭಾಷೆ ಇಲ್ವಂತೆ!

ಮೊನ್ನೆ ತಿ. ನರಸೀಪುರದ ಸಂಗಮದಲ್ಲಿ ಗೆಳೆಯನ ಜೊತೆ ಜಗಳ. "ಕನ್ನಡ ಸಿನಿಮಾ ಶುರುವಾಗಿದ್ದೇ 1934ರ ಸತಿ ಸುಲೋಚನದಿಂದ. ಮೂಕಿಗೆ ಯಾವ ಭಾಷೆ ಗುರೂ?" ಅಂದ.

ಹಾಗಾದ್ರೆ 'ವಸಂತಸೇನಾ' ಯಾರದ್ದು ಸ್ವಾಮಿ? ಶೂದ್ರಕನ ಮೃಚ್ಛಕಟಿಕದ ಪ್ರೇಮಕಥೆ, ಮೋಹನ್ ಭವನಾನಿ ನಿರ್ದೇಶನ, ನಟಿಸಿದವರಲ್ಲಿ ನಮ್ಮ ಟಿ.ಪಿ. ಕೈಲಾಸಂ, ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ! ಗುಬ್ಬಿ ವೀರಣ್ಣನವರೂ ಮೂಕಿಗೆ ಕೈಹಾಕಿದ್ದರು. ಅಲಮೇಲಮ್ಮ ಮಾಲಂಗಿ ಮಡುವಿಗೆ ಹಾರಿದ ಕಥೆ ತಲಕಾಡಿನ ಮಕ್ಕಳಿಗೂ ಗೊತ್ತು. ಅದನ್ನೇ ಮೂಕಿಯಾಗಿ ತೆಗೆದಿದ್ರೆ ಕನ್ನಡದ್ದಲ್ಲ ಅಂತಿದ್ರಾ?

ಸತಿ ಸುಲೋಚನದ ಪ್ರಿಂಟೇ ಉಳಿದಿಲ್ಲ. ಟಾಕಿಯನ್ನೇ ಕಳಕೊಂಡ ನಮಗೆ ಮೂಕಿ ಬಗ್ಗೆ ಇಷ್ಟು ಧಿಮಾಕು ಯಾಕೋ! ನಂಜನಗೂಡು ಬರೋವರೆಗೂ ಬಸ್ಸಲ್ಲಿ ನಾವಿಬ್ರೂ ಮಾತಾಡಲಿಲ್ಲ (ಅದೂ ಮೂಕಿನೇ).

ನಿಮ್ಮಜ್ಜನ ಟ್ರಂಕಿನಲ್ಲಿ ಹಳೇ ಸಿನಿಮಾ ಹ್ಯಾಂಡ್‌ಬಿಲ್ಲು, ಫೋಟೋ ಇದ್ರೆ ಗುಜರಿಗೆ ಹಾಕೋ ಮುಂಚೆ ಸ್ಕ್ಯಾನ್ ಮಾಡಿ ಮಾರಾಯ್ರೆ.