ಬದುಕುಳಿದವನ ದೂರು

ಮೋಟಾರು ಪಂದ್ಯಗಳಲ್ಲಿ ಇಂದು ಕಾಣುವ ಸುರಕ್ಷತಾಕ್ರಮಗಳೆಲ್ಲ ಮೃತರ ಬಲಿದಾನದ ಫಲವೆಂದು ಹೇಳುವುದು ವಾಡಿಕೆ. ಅವುಗಳಲ್ಲಿ ಹಲವನ್ನು ಬದುಕಿದ್ದವನೊಬ್ಬನು ಮೊದಲೇ ಬೇಡಿದ್ದನೆಂಬುದನ್ನೂ, ಆತನಿಗೆ ದೊರೆತದ್ದು ಪರಿಹಾಸವೆಂಬುದನ್ನೂ ಈ ಮಾತು ಮರೆಸುತ್ತದೆ.

1966ರ ಜೂನಿನಲ್ಲಿ ಬೆಲ್ಜಿಯಂನ ಸ್ಪಾ ಪಥದಲ್ಲಿ, ಮೊದಲ ಸುತ್ತಿನಲ್ಲಿಯೇ ಸುರಿದ ಮಳೆಗೆ ಹತೋಟಿ ತಪ್ಪಿದ ಪಂದ್ಯಚಾಲಕ ಜಾಕಿ ಸ್ಟೀವರ್ಟನ ಕಾರು ರಸ್ತೆಯನ್ನು ಬಿಟ್ಟು ನುಜ್ಜುಗುಜ್ಜಾಗಲು, ಸ್ಟೀರಿಂಗಿನ ಕಂಬಕ್ಕೆ ಕಾಲು ಸಿಕ್ಕಿ, ಸೋರಿದ ಪೆಟ್ರೋಲಿನಲ್ಲಿ ಮೈಯೆಲ್ಲ ತೊಯ್ದು, ಕಿಡಿಯೊಂದು ಬಿದ್ದರೆ ಭಸ್ಮವಾಗುವ ಸ್ಥಿತಿಯಲ್ಲಿ ಆತನು ಸುಮಾರು 25 ನಿಮಿಷ ಬಂದಿಯಾಗಿದ್ದನು. ಬಿಡಿಸಿದವರು ಅಧಿಕಾರಿಗಳಲ್ಲ, ಅಲ್ಲಿಯೇ ಜಾರಿ ನಿಂತಿದ್ದ ಪ್ರತಿಸ್ಪರ್ಧಿಗಳಾದ ಗ್ರಹಾಂ ಹಿಲ್ ಮತ್ತು ಬಾಬ್ ಬಾಂಡುರಾಂಟ್, ಅದೂ ಪ್ರೇಕ್ಷಕನೊಬ್ಬನಿಂದ ಎರವಲು ತಂದ ಸ್ಪ್ಯಾನರಿನಿಂದ. ಆಸ್ಪತ್ರೆಗೆ ಹೊರಟ ಆಂಬ್ಯುಲೆನ್ಸು ದಾರಿ ತಪ್ಪಿದ್ದು ಈ ಪ್ರಹಸನದ ಕೊನೆಯ ಅಂಕ. ಅಂದಿನಿಂದ ಸ್ಟೀರಿಂಗಿಗೆ ಸ್ಪ್ಯಾನರೊಂದನ್ನು ಅಂಟಿಸಿಕೊಂಡೇ ಪಂದ್ಯಕ್ಕಿಳಿದ ಸ್ಟೀವರ್ಟ್, ಸೀಟ್ ಬೆಲ್ಟು, ಪಥದಂಚಿನ ತಡೆಗೋಡೆ, ನುರಿತ ವೈದ್ಯರು ಎಂದು ಬೇಡಿದಾಗ, ಪಥದ ಒಡೆಯರೂ ಕೆಲ ಪತ್ರಿಕಾಲೇಖಕರೂ ಆತನನ್ನು ಸಾಹಸದ ಸೊಬಗು ಕೆಡಿಸುವವನೆಂದು ಜರೆದರು. ಮುಂದೆ ಮೂರು ಬಾರಿ ವಿಶ್ವವಿಜೇತನಾದವನನ್ನು ಹೇಡಿಯೆನ್ನುವುದಕ್ಕೆ ಪ್ರೇಕ್ಷಕರ ಪೀಠದ ಧೈರ್ಯವೇ ಬೇಕು! ಸ್ಟೀವರ್ಟ್ ಬೇಡಿದ್ದ ತಡೆಗೋಡೆ ಬರುವ ಮುನ್ನವೇ, 1968ರಲ್ಲಿ ಜರ್ಮನಿಯ ಹಾಕನ್‌ಹೈಮಿನಲ್ಲಿ ಚಾಲಕ ಜಿಮ್ ಕ್ಲಾರ್ಕನ ಕಾರು ತಡೆಯಿಲ್ಲದ ಪಥದಂಚಿನ ಮರಗಳಿಗೆ ಬಡಿದು ಆತನು ಮಡಿದನು.

1994ರಲ್ಲಿ ಇಟಲಿಯ ಇಮೋಲಾದಲ್ಲಿಯೂ, ಸಾವಿನ ಬಳಿಕವೇ ಸುಧಾರಣೆಯೆಂಬ ಇದೇ ಕ್ರಮ. ಏಪ್ರಿಲ್ 30ರಂದು ಹೆಚ್ಚು ಹೆಸರಿಲ್ಲದ ಚಾಲಕ ರೋಲಂಡ್ ರಾಟ್ಜೆನ್‌ಬರ್ಗರ್ ಮಡಿದರೂ ಮರುದಿನ ಪಂದ್ಯ ನಡೆಯಿತು. ಅಂದು ಹೆಸರಾಂತ ಚಾಲಕ ಅಯರ್ಟನ್ ಸೆನ್ನಾ ಅಳಿದ ಮೇಲೆಯೇ ಎಂಜಿನ್ನುಗಳ ಗಾತ್ರ ಕುಗ್ಗಿತು, ಪಥದ ತಿರುವುಗಳು ಬದಲಾದವು. ಕೀರ್ತಿವಂತನ ಮರಣಕ್ಕಿರುವ ತೂಕ ಅಪರಿಚಿತನ ಮರಣಕ್ಕಿಲ್ಲವೆಂಬ ಸಂದೇಹ ನನ್ನನ್ನು ಬಿಟ್ಟಿಲ್ಲ.

ಚಾಲಕರೆಲ್ಲರೂ ಸುರಕ್ಷತೆಯ ಪಕ್ಷಪಾತಿಗಳೆಂದೂ ಹೇಳಲಾಗದು. ತಲೆಯ ಸುತ್ತಣ ರಕ್ಷಾಚೌಕಟ್ಟಾದ ಹೇಲೋವನ್ನು ಮೊದಲು ವಿರೋಧಿಸಿದವರಲ್ಲಿ ರೊಮೇನ್ ಗ್ರೋಜಾನನೂ ಒಬ್ಬನು. 2020ರಲ್ಲಿ ಬಹ್ರೈನಿನಲ್ಲಿ ಲೋಹದ ತಡೆಗೋಡೆಯನ್ನು ಸೀಳಿ ಹೊತ್ತಿ ಉರಿದ ಕಾರಿನಿಂದ ಆತನು ತಾನೇ ಹೊರಬಂದದ್ದು ಅದರ ಪ್ರಸಾದ.

ಜಪಾನಿನ ಸುಝುಕಾದಲ್ಲಿ 2014ರಲ್ಲಿ ಅಪಘಾತಕ್ಕೀಡಾದ ಕಾರನ್ನೆತ್ತುತ್ತಿದ್ದ ವಾಹನಕ್ಕೆ ಬಡಿದು ಗಾಯಗೊಂಡ ಜೂಲ್ಸ್ ಬಿಯಾಂಕಿ ಮರುವರ್ಷ ತೀರಿಕೊಂಡನು. 2022ರಲ್ಲಿ ಅಲ್ಲಿಯೇ, ಅಂಥದೇ ಮಳೆಯಲ್ಲಿ, ಅಂಥದೇ ವಾಹನವನ್ನು ಪಥದ ಮೇಲೆ ಕಂಡ ಪಿಯರ್ ಗ್ಯಾಸ್ಲಿ ಕೋಪದಿಂದ ಕೂಗಾಡಿದನು. ಕೆಂಪು ಬಾವುಟದಡಿ ವೇಗ ಮೀರಿದ್ದಕ್ಕೆ ಆತನಿಗೆ ದಂಡವೂ ಬಿದ್ದಿತು, ಅದು ನ್ಯಾಯವೇ ಇರಬಹುದು. ಆದರೆ ಅನಂತರದ ವಿಚಾರಣೆಯಿಂದ, ಈ ಸಲ ಯಾರೂ ಸಾಯದೆಯೇ, ವಾಹನವು ಪಥಕ್ಕಿಳಿದಾಗ ತಂಡಗಳಿಗೆ ಸೂಚನೆ ಕೊಡುವ ಕ್ರಮ ಜಾರಿಗೆ ಬಂದಿತು.