ಸ್ತ್ರೀಧನವೂ ನ್ಯಾಯದ ಭಾಷೆಯೂ

2025ರ ನವೆಂಬರ್ ತಿಂಗಳಿನಲ್ಲಿ ಭಾರತದ ಸರ್ವೋಚ್ಚ ನ್ಯಾಯಾಲಯವು ಈ ದೇಶದ ಸ್ತ್ರೀಯರಿಗೆ, ಅದರಲ್ಲಿಯೂ ಹಿಂದೂ ಸ್ತ್ರೀಯರಿಗೆ, ಒಂದು ಹಿತವಚನವನ್ನು ಹೇಳಿತು. ಪ್ರಾಯ ಎಷ್ಟೇ ಇರಲಿ, ತಮ್ಮ ಆಸ್ತಿ ತಮ್ಮ ಅನಂತರ ಯಾರಿಗೆ ಸೇರಬೇಕೆಂಬುದನ್ನು ಅವರು ಉಯಿಲಿನಲ್ಲಿ ಬರೆದಿಡುವುದು ಒಳ್ಳೆಯದು ಎಂಬುದೇ ಆ ಮಾತು. ನ್ಯಾಯಮೂರ್ತಿ ಬಿ.ವಿ. ನಾಗರತ್ನ, ನ್ಯಾಯಮೂರ್ತಿ ಆರ್. ಮಹಾದೇವನ್ ಇವರಿದ್ದ ಪೀಠದ ಮುಂದೆ ಬಂದಿದ್ದುದು, 1956ರ ಹಿಂದೂ ಉತ್ತರಾಧಿಕಾರ ಅಧಿನಿಯಮದ 15ನೆಯ ಕಲಮು ಸಂವಿಧಾನದ ಸಮಾನತೆಯ ತತ್ತ್ವಕ್ಕೆ ಒಪ್ಪುತ್ತದೆಯೇ ಎಂಬ ಪ್ರಶ್ನೆ. ಪೀಠವು ಆ ಪ್ರಶ್ನೆಯನ್ನು ಅಲ್ಲಿ ತೀರ್ಮಾನಿಸಲಿಲ್ಲ. ಉಯಿಲಿನ ಸಲಹೆಯನ್ನು ಕೊಟ್ಟು, ಇಂತಹ ವ್ಯಾಜ್ಯಗಳು ಕೋರ್ಟಿನ ಮೆಟ್ಟಿಲು ಹತ್ತುವ ಮುನ್ನ ಮಧ್ಯಸ್ಥಿಕೆಯಲ್ಲಿ ಬಗೆಹರಿಯಲು ಯತ್ನಿಸಬೇಕೆಂದಿತು. ಸಲಹೆ ಒಳ್ಳೆಯದೇ. ಆದರೆ ಒಂದು ಕಾನೂನಿನ ಪರಿಣಾಮದಿಂದ ಪಾರಾಗುವ ದಾರಿಯನ್ನು ನ್ಯಾಯಾಧೀಶರೇ ಪ್ರಜೆಗಳಿಗೆ ತೋರಿಸಬೇಕಾಗಿ ಬಂದಿದೆಯೆಂದಾಗ, ಆ ಕಾನೂನಿನಲ್ಲಿ ಏನಿದೆಯೆಂದು ನಾವು ನೋಡಬೇಡವೆ?

ನನ್ನದು ಕನ್ನಡದ ಪಾಠ, ಕಾನೂನಿನದಲ್ಲ. ಆದರೂ ಕಾನೂನೆಂಬುದು ಪದಗಳಿಂದ ಕಟ್ಟಿದ ಮನೆಯೇ ಆದುದರಿಂದ, ಪದಗಳ ಅರ್ಥವನ್ನು ವಿಚಾರಿಸುವವರು ಅದರ ಹೊಸಿಲಿನವರೆಗೆ ಹೋಗಿ ಬರುವುದು ಅನುಚಿತವಾಗಲಾರದು.

ಉಯಿಲು ಬರೆಯದೆ ತೀರಿಕೊಂಡ ಹಿಂದೂ ಸ್ತ್ರೀಯ ಆಸ್ತಿ ಯಾರಿಗೆ ಹೋಗಬೇಕೆಂಬುದನ್ನು 15ನೆಯ ಕಲಮು ಹೇಳುತ್ತದೆ. ಮೊದಲು ಮಕ್ಕಳು ಮತ್ತು ಗಂಡ. ಎರಡನೆಯದಾಗಿ ಗಂಡನ ವಾರಸುದಾರರು. ಮೂರನೆಯದಾಗಿ ಆಕೆಯ ತಾಯಿತಂದೆ. ಅನಂತರ ತಂದೆಯ ವಾರಸುದಾರರು. ಕೊನೆಗೆ ತಾಯಿಯ ವಾರಸುದಾರರು. ಮಕ್ಕಳಿಲ್ಲದ ವಿಧವೆಯೊಬ್ಬಳು ತಾನು ದುಡಿದು ಒಂದು ಸಣ್ಣ ಮನೆಯನ್ನು ಕಟ್ಟಿಕೊಂಡಿದ್ದಳೆಂದು ಭಾವಿಸೋಣ. ಅವಳು ತೀರಿಕೊಂಡ ಮೇಲೆ, ಹೆತ್ತ ತಾಯಿ ಕಣ್ಣೆದುರಿಗೇ ಇದ್ದರೂ, ಆ ಮನೆ ಮೈದುನನಿಗೆ ಸೇರಬಹುದು. ಅವನಿಲ್ಲದಿದ್ದರೆ ನಾದಿನಿಯ ಮಗನಿಗೆ ಸೇರಬಹುದು. ಇದೇ ಅಧಿನಿಯಮವು ಪುರುಷನ ವಿಷಯದಲ್ಲಿ ಹೇಳುವುದೇ ಬೇರೆ. ಅವನ ತಾಯಿ, ಅವನ ಹೆಂಡತಿ ಮಕ್ಕಳೊಡನೆ ಮೊದಲ ವರ್ಗದಲ್ಲಿಯೇ ನಿಲ್ಲುತ್ತಾಳೆ. ಹೆಂಡತಿಯ ತಾಯಿತಂದೆಗಳಾಗಲಿ, ಅಣ್ಣತಮ್ಮಂದಿರಾಗಲಿ ಆ ಸಂಬಂಧದ ಬಲದಿಂದ ಅವನ ಆಸ್ತಿಗೆ ಬರುವ ಮಾತೇ ಇಲ್ಲ.

ವಿಭಕ್ತಿ ಪ್ರತ್ಯಯಗಳನ್ನು ಬಲ್ಲವರು ಈ ಪಟ್ಟಿಯಲ್ಲಿ ಇನ್ನೊಂದನ್ನು ಗಮನಿಸುತ್ತಾರೆ. ಪುರುಷನ ಪಟ್ಟಿಯಲ್ಲಿ ಸೋದರ, ಸೋದರಿ ಎಂಬವರು ಅವನ ಸೋದರ ಸೋದರಿಯರಾಗಿಯೇ ಹೆಸರು ಪಡೆದಿದ್ದಾರೆ. ಸ್ತ್ರೀಯ ಪಟ್ಟಿಯಲ್ಲಾದರೋ ಅವಳ ಒಡಹುಟ್ಟಿದವರಿಗೆ ಆ ಹೆಸರಿಲ್ಲ; ಅವರು ಬರುವುದು ‘ತಂದೆಯ ವಾರಸುದಾರರು’ ಎಂದು. ಗಂಡನ, ತಂದೆಯ, ತಾಯಿಯ ಎಂಬ ಷಷ್ಠೀ ವಿಭಕ್ತಿಗಳ ನಡುವೆ ‘ಅವಳ’ ಎಂಬ ಷಷ್ಠಿಗೆ ದೊರೆತ ಎಡೆ ಬಲು ಕಿರಿದು. ಆಸ್ತಿಯೇನೋ ಅವಳದು, ನಂಟರು ಮಾತ್ರ ಬೇರೆಯವರ ಮೂಲಕ ಬಂದವರು.

ಇದು ಕೇವಲ ತರ್ಕದ ಆಟವಲ್ಲವೆಂಬುದಕ್ಕೆ ಸರ್ವೋಚ್ಚ ನ್ಯಾಯಾಲಯದ 2009ರ ಒಂದು ತೀರ್ಪು ಸಾಕ್ಷಿ. ಮದುವೆಯಾದ ಮೂರು ತಿಂಗಳಿಗೇ ಗಂಡನನ್ನು ಕಳೆದುಕೊಂಡ ಹೆಣ್ಣುಮಗಳೊಬ್ಬಳನ್ನು ಗಂಡನ ಮನೆಯವರು ಹೊರಗಟ್ಟಿದರು. ತಾಯಿತಂದೆ ಅವಳನ್ನು ಕರೆದುಕೊಂಡು ಬಂದು ಓದಿಸಿದರು. ಅವಳು ಕೆಲಸಕ್ಕೆ ಸೇರಿ ಹಣ ಕೂಡಿಸಿದಳು. 1996ರಲ್ಲಿ ಉಯಿಲಿಲ್ಲದೆ ತೀರಿಕೊಂಡಳು. ಬ್ಯಾಂಕಿನ ಠೇವಣಿ, ಭವಿಷ್ಯನಿಧಿ ಮೊದಲಾದುವನ್ನು ತಾಯಿ ಕೇಳಿದಳು. ಅವಳ ಅನಂತರ ಅಣ್ಣತಮ್ಮಂದಿರು ಕೇಳಿದರು. ಗಂಡನ ಸೋದರಿಯ ಮಕ್ಕಳೂ ಕೇಳಿದರು. ಕಾನೂನಿನ ಮಾತು ಸ್ಪಷ್ಟವಾಗಿದೆ, ಕನಿಕರದಿಂದ ಅದನ್ನು ಬದಲಾಯಿಸಲಾಗದು ಎಂದು ಹೇಳಿ ನ್ಯಾಯಾಲಯವು ಆ ಹಣವನ್ನು ಗಂಡನ ಕಡೆಯವರಿಗೇ ಕೊಟ್ಟಿತು. ಅವಳನ್ನು ಹೊರಗಟ್ಟಿದ ಮನೆಯೇ ಕಾನೂನಿನ ಕಣ್ಣಿಗೆ ಕೊನೆಯವರೆಗೂ ಅವಳ ಮನೆಯಾಗಿ ಉಳಿದಿತ್ತು.

ಈ ಕಣ್ಣು ಎಲ್ಲಿಂದ ಬಂತು? ಕಳೆದ ವರ್ಷ ಜನಪದ ಗೀತೆಗಳ ಪಾಠ ಮಾಡುತ್ತಿದ್ದಾಗ ವಿದ್ಯಾರ್ಥಿನಿಯೊಬ್ಬಳು, “ಸರ್, ಗಂಡಸರಿಗೆ ತವರು ಎಂಬುದು ಯಾವುದು?” ಎಂದು ಕೇಳಿದಳು. ತರಗತಿ ನಕ್ಕಿತು, ಪ್ರಶ್ನೆ ಮಾತ್ರ ನನ್ನನ್ನು ಬಿಡಲಿಲ್ಲ. ಗಂಡಸಿಗೆ ಇರುವುದು ‘ಮನೆ’. ಅದಕ್ಕೆ ವಿಶೇಷಣ ಬೇಕಿಲ್ಲ. ಹೆಣ್ಣಿಗೆ ಇರುವುದು ತವರುಮನೆ, ಇಲ್ಲವೆ ಗಂಡನ ಮನೆ. ಒಂದು ಬಿಟ್ಟುಬಂದದ್ದು, ಒಂದು ಹೋಗಿ ಸೇರಿದ್ದು. ಹೆಣ್ಣನ್ನು ‘ಕೊಡುತ್ತೇವೆ’, ಹೆಣ್ಣನ್ನು ‘ತರುತ್ತೇವೆ’. ಕೊಟ್ಟ ಹೆಣ್ಣು ಕುಲಕ್ಕೆ ಹೊರಗು ಎಂಬ ಗಾದೆಯೂ ಉಂಟು. ಈ ಗಾದೆಯನ್ನೇ ಕಲಮುಗಳಾಗಿ ವಿಂಗಡಿಸಿ, ಕ್ರಮಸಂಖ್ಯೆ ಹಾಕಿ ಬರೆದರೆ 15ನೆಯ ಕಲಮಿಗೆ ತೀರ ಹತ್ತಿರವಾಗುತ್ತದೆ.

ಸ್ತ್ರೀವಾದಿ ನ್ಯಾಯಮೀಮಾಂಸೆ ಎಂದು ಇಂದು ಕರೆಯುವ ವಿಚಾರಧಾರೆಯ ಪ್ರಯೋಜನ ಇಲ್ಲಿಯೇ ಕಾಣುವುದು. ಅದರ ಹೆಸರು ಕೇಳಿದೊಡನೆ ಪುರುಷದ್ವೇಷವೆಂದು ಹುಬ್ಬು ಗಂಟಿಕ್ಕುವವರುಂಟು. ವಾಸ್ತವವಾಗಿ ಅದು ಒಂದು ಬಗೆಯ ಓದು. ಅದರಲ್ಲಿ ಎರಡು ಮೆಟ್ಟಿಲುಗಳನ್ನು ಗುರುತಿಸಬಹುದು. ಗಂಡಿಗೆ ಯಾವ ನಿಯಮವೋ ಹೆಣ್ಣಿಗೂ ಅದೇ ನಿಯಮವಿರಲಿ ಎನ್ನುವುದು ಮೊದಲನೆಯದು. ಆ ನಿಯಮದ ಅಳತೆಗೋಲೇ ಗಂಡಸಿನ ಬಾಳನ್ನು ನೋಡಿ ಕೆತ್ತಿದ್ದಾದರೆ, ಅದರಿಂದ ಇಬ್ಬರನ್ನೂ ಅಳೆದರೆ ಸಾಕೇ ಎಂದು ಕೇಳುವುದು ಎರಡನೆಯದು. ಹೆಣ್ಣು ಗಂಡಸಿನಂತೆಯೇ ಎಂದರೂ, ಗಂಡಸಿಗಿಂತ ಬೇರೆ ಎಂದರೂ, ಎರಡು ಕಡೆಯೂ ಗಂಡಸೇ ಮಾನವಾಗಿ ಉಳಿಯುತ್ತಾನೆಂದು ಅಮೆರಿಕದ ಕ್ಯಾಥರಿನ್ ಮೆಕಿನನ್ ತೋರಿಸಿದರು. ನಮ್ಮಲ್ಲಿ 1974ರ ‘ಸಮಾನತೆಯ ಕಡೆಗೆ’ ಎಂಬ ವರದಿ ಸ್ತ್ರೀಯರ ಸ್ಥಿತಿಗತಿಗಳನ್ನು ದೇಶದ ಮುಂದಿಟ್ಟಿತು. ಭೂಮಿಯ ಒಡೆತನವಿಲ್ಲದ ಹೆಣ್ಣಿಗೆ ಮನೆಯೊಳಗೂ ಮಾತಿನ ಬಲವಿರುವುದಿಲ್ಲವೆಂಬುದನ್ನು ಅರ್ಥಶಾಸ್ತ್ರಜ್ಞೆ ಬೀನಾ ಅಗರ್‌ವಾಲ್ 1994ರ ತಮ್ಮ ಗ್ರಂಥದಲ್ಲಿ ವಿಸ್ತಾರವಾಗಿ ಪ್ರತಿಪಾದಿಸಿದರು.

ಇಲ್ಲಿ ಒಂದು ಆಕ್ಷೇಪ ಬರಬಹುದು. ಗಂಡನ ಕುಟುಂಬದಿಂದ ಬಂದ ಆಸ್ತಿ ಆ ಕುಟುಂಬದ ಕೈತಪ್ಪಿ ಹೋಗದಿರಲೆಂದು ಶಾಸನಕಾರರು ಈ ಏರ್ಪಾಡು ಮಾಡಿರಬೇಕು. ಅದರಲ್ಲಿ ಅನ್ಯಾಯವೇನು, ಎಂದು. ಆಕ್ಷೇಪ ಗೌರವಾರ್ಹವಾದುದೇ. ಆದರೆ ಆ ಕೆಲಸವನ್ನು ಅದೇ ಕಲಮಿನ ಎರಡನೆಯ ಉಪವಿಧಿ ಆಗಲೇ ಮಾಡಿದೆ. ಮಕ್ಕಳಿಲ್ಲದ ಸ್ತ್ರೀಗೆ ಗಂಡನಿಂದಲೋ ಮಾವನಿಂದಲೋ ವಾರಸಾಗಿ ಬಂದುದು ಗಂಡನ ವಾರಸುದಾರರಿಗೇ ಹಿಂದಿರುಗುತ್ತದೆ. ತಾಯಿತಂದೆಯಿಂದ ಬಂದುದು ತಂದೆಯ ವಾರಸುದಾರರಿಗೆ ಹೋಗುತ್ತದೆ. ಅಲ್ಲಿಗೆ ಬಂದ ದಾರಿಯಲ್ಲೇ ಹಿಂದಿರುಗಬೇಕೆಂಬ ನ್ಯಾಯ ಪೂರ್ತಿಯಾಯಿತು. ಇನ್ನು ಉಳಿಯುವುದು ಮುಖ್ಯವಾಗಿ ಅವಳು ತಾನೇ ಗಳಿಸಿದ್ದು. ಅದು ಯಾವ ದಾರಿಯಲ್ಲಿ ಬಂದಿತೆಂದು ಗಂಡನ ಮನೆಗೆ ಹಿಂದಿರುಗಬೇಕು? 1956ರಲ್ಲಿ ಹೆಣ್ಣಿಗೆ ಸ್ವಯಾರ್ಜಿತವೆಂಬುದು ಇದ್ದೀತೆಂದು ಶಾಸನಕಾರರು ಎಣಿಸಿರಲಿಕ್ಕಿಲ್ಲ. ಇಂದು ಶಾಲೆ, ಬ್ಯಾಂಕು, ಆಸ್ಪತ್ರೆ, ಗಾರ್ಮೆಂಟ್ಸ್ ಕಾರ್ಖಾನೆಗಳಲ್ಲಿ ದುಡಿಯುವ ಸ್ತ್ರೀಯರಿಗೆ ಆ ಎಣಿಕೆಯೇ ಅನ್ವಯಿಸುತ್ತಿದೆ. ಭಾರತದ ಕಾನೂನು ಆಯೋಗವು 2008ರ ತನ್ನ 207ನೆಯ ವರದಿಯಲ್ಲಿ ಸ್ವಯಾರ್ಜಿತದ ವಿಷಯವಾಗಿಯೇ ಈ ಕಲಮಿನ ತಿದ್ದುಪಡಿಯನ್ನು ಸೂಚಿಸಿತ್ತು.

ನಮ್ಮ ಪರಂಪರೆಯೇ ಹೀಗೆ, ಅದನ್ನು ಕದಲಿಸಬಾರದು ಎನ್ನುವವರಿಗೆ ಕನ್ನಡ ನಾಡಿನಿಂದಲೇ ಒಂದು ಉತ್ತರವಿದೆ. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನವನ್ನು ಬರೆದನು. ಬಂಗಾಳದಂಥ ಕೆಲವು ಪ್ರದೇಶಗಳನ್ನು ಬಿಟ್ಟು ಭಾರತದ ಬಹುಭಾಗಕ್ಕೆ ಅದೇ ಪ್ರಮಾಣವಾಯಿತು. ಗಂಡುಮಕ್ಕಳಿಗೆ ಹುಟ್ಟಿನಿಂದಲೇ ಪಿತ್ರಾರ್ಜಿತದಲ್ಲಿ ಹಕ್ಕೆಂಬ ತತ್ತ್ವಕ್ಕೆ ಅವನ ಹೆಸರನ್ನು ಹೇಳುವುದು ವಾಡಿಕೆ. ಸ್ತ್ರೀಧನದ ವಿಷಯದಲ್ಲಿ ಅವನು ಹೇಳಿದುದನ್ನು ನೆನೆಯುವವರು ಕಡಮೆ. ತಂದೆ, ತಾಯಿ, ಗಂಡ, ಸೋದರ ಕೊಟ್ಟುದು ಮುಂತಾಗಿ ಸ್ತ್ರೀಧನವನ್ನು ಎಣಿಸುವ ಸ್ಮೃತಿವಾಕ್ಯದಲ್ಲಿ ‘ಆದ್ಯ’ ಎಂಬ ಒಂದು ಪದ ಬರುತ್ತದೆ. ‘ಮೊದಲಾದ’ ಎಂದು ಅದರ ಅರ್ಥ. ಈ ‘ಮೊದಲಾದ’ ಎಂಬುದರೊಳಗೆ ವಾರಸಿನಿಂದ ಬಂದುದು, ಕ್ರಯಕ್ಕೆ ಕೊಂಡುದು, ವಿಭಾಗದಲ್ಲಿ ದೊರೆತುದು ಎಲ್ಲವೂ ಸೇರುತ್ತವೆಂದು ವಿಜ್ಞಾನೇಶ್ವರ ಅರ್ಥಮಾಡಿದನು. ಸ್ತ್ರೀಧನವೆಂಬುದು ಪಾರಿಭಾಷಿಕ ಶಬ್ದವಲ್ಲ, ಯೌಗಿಕ ಶಬ್ದ ಎಂದನು. ಅಂದರೆ ಯಾರೋ ಗೊತ್ತುಮಾಡಿದ ಆರು ಬಗೆಗಳಿಗೆ ಮಾತ್ರ ಸಲ್ಲುವ ಹೆಸರಲ್ಲ ಅದು. ಸ್ತ್ರೀಯ ಧನವೆಲ್ಲವೂ ಸ್ತ್ರೀಧನವೇ. ಒಂದು ಪದದ ಬಾಗಿಲನ್ನು ಅವನು ಅಷ್ಟು ಅಗಲ ತೆರೆದಿದ್ದನು.

ಅದನ್ನು ಮುಚ್ಚಿದವರು ಯಾರು? ಬ್ರಿಟಿಷರ ಆಳ್ವಿಕೆಯಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲು 1867ರಲ್ಲಿ, ಗಂಡನಿಂದ ವಿಧವೆಗೆ ವಾರಸಾಗಿ ಬಂದ ಆಸ್ತಿ ಸ್ತ್ರೀಧನವಲ್ಲವೆಂದು ತೀರ್ಮಾನಿಸಿತು. ಬದುಕಿರುವವರೆಗೆ ಅವಳು ಅದನ್ನು ಅನುಭವಿಸಬಹುದು. ತೀರಿದ ಮೇಲೆ ಅದು ಗಂಡನ ವಾರಸುದಾರರದು. ಈ ಪರಿಮಿತ ಹಕ್ಕನ್ನೇ ನಮ್ಮವರು ಮುಂದೆ ಸನಾತನವಾದ ಧರ್ಮವೆಂದು ನಂಬಿದರು. ವಿಜ್ಞಾನೇಶ್ವರನನ್ನು ಸ್ತ್ರೀವಾದಿಯೆಂದು ಕರೆಯುವುದು ಹಾಸ್ಯಾಸ್ಪದವಾದೀತು. ಆದರೆ ಶಾಸ್ತ್ರದ ಅರ್ಥ ಎಂದೂ ಒಂದೇ ಆಗಿರಲಿಲ್ಲವೆಂಬುದಕ್ಕೂ, ಅರ್ಥಮಾಡುವವರ ಕೈಯಲ್ಲಿ ಅದು ಹಿಗ್ಗಿದೆ ಕುಗ್ಗಿದೆ ಎಂಬುದಕ್ಕೂ ಅವನ ‘ಆದ್ಯ’ ಸಾಕಾದ ನಿದರ್ಶನ.

ಹಿಗ್ಗಿಸುವ ಕೆಲಸದಲ್ಲಿ ನಮ್ಮ ನಾಡು ಹಿಂದೆ ಬಿದ್ದಿರಲಿಲ್ಲ. ಕೇಂದ್ರ ಶಾಸನಸಭೆಯು 1937ರಲ್ಲಿ ಹಿಂದೂ ಸ್ತ್ರೀಯರ ಆಸ್ತಿಹಕ್ಕಿನ ಕಾಯಿದೆಯನ್ನು ಮಾಡುವ ನಾಲ್ಕು ವರ್ಷಗಳ ಮೊದಲೇ, 1933ರಲ್ಲಿ, ಮೈಸೂರು ಸಂಸ್ಥಾನವು ತನ್ನದೇ ಕಾಯಿದೆಯನ್ನು ತಂದು, ವಿಭಾಗಕಾಲದಲ್ಲಿ ವಿಧವೆ, ತಾಯಿ, ಅವಿವಾಹಿತ ಪುತ್ರಿಯರಿಗೆ ಪಾಲನ್ನು ಕೊಟ್ಟಿತು. ಹಿಂದೂ ಸಂಹಿತೆಯ ಕರಡಿಗಾಗಿ 1941ರಿಂದ ದುಡಿದ ಸಮಿತಿಯ ಅಧ್ಯಕ್ಷರು ದಕ್ಷಿಣ ಕನ್ನಡದ ಬೆನಗಲ್ ನರಸಿಂಗ ರಾವ್. ಆ ಮಸೂದೆ ನಿಂತುಹೋದುದನ್ನು ಮುಖ್ಯ ಕಾರಣಗಳಲ್ಲಿ ಒಂದಾಗಿ ಹೇಳಿ ಡಾ. ಅಂಬೇಡ್ಕರ್ 1951ರಲ್ಲಿ ಮಂತ್ರಿಪದವಿಯನ್ನು ಬಿಟ್ಟರು. 1956ರ ಅಧಿನಿಯಮವು ಸ್ತ್ರೀಯ ಪರಿಮಿತ ಹಕ್ಕನ್ನು ಪೂರ್ಣ ಹಕ್ಕಾಗಿ ಮಾಡಿತು. ಅವಿಭಕ್ತ ಕುಟುಂಬದ ಆಸ್ತಿಯಲ್ಲಿ ಹುಟ್ಟಿನ ಹಕ್ಕನ್ನು ಮಾತ್ರ ಗಂಡುಮಕ್ಕಳಿಗೇ ಉಳಿಸಿತು. ಕರ್ನಾಟಕವು 1994ರಲ್ಲಿ ಹೆಣ್ಣುಮಕ್ಕಳಿಗೂ ಆ ಹಕ್ಕನ್ನು ಕೊಟ್ಟಿತು. ಆದರೆ ಅದಕ್ಕೆ ಮುಂಚೆ ಮದುವೆಯಾದವರನ್ನು ಹೊರಗಿಟ್ಟಿತು. ‘ಕೊಟ್ಟ ಹೆಣ್ಣು’ ಎಂಬ ಭಾವ ಅಲ್ಲಿಯೂ ಬಿಟ್ಟಿರಲಿಲ್ಲ. 2005ರ ಕೇಂದ್ರ ತಿದ್ದುಪಡಿ ಆ ಭೇದವನ್ನು ತೊಡೆಯಿತು. ಆ ದಿನ ತಂದೆ ಬದುಕಿರಬೇಕಾದ ಅಗತ್ಯವಿಲ್ಲ, ಮಗಳ ಹಕ್ಕು ಹುಟ್ಟಿನಿಂದಲೇ ಬಂದುದು ಎಂದು ಸರ್ವೋಚ್ಚ ನ್ಯಾಯಾಲಯವು 2020ರ ಆಗಸ್ಟ್ 11ರಂದು ಸಾರಿತು.

ಇಷ್ಟಾದ ಮೇಲೂ ಊರಿನಲ್ಲಿ ಏನು ನಡೆಯುತ್ತದೆಂಬುದನ್ನು ಬಲ್ಲವರೇ ಬಲ್ಲರು. ತಂದೆ ತೀರಿದ ಮೇಲೆ ಪೌತಿ ಖಾತೆಗಾಗಿ ವಂಶವೃಕ್ಷ ಬರೆಯಿಸುವಾಗ ಹೆಣ್ಣುಮಕ್ಕಳ ಹೆಸರನ್ನು ಮರೆಯುವ ಮನೆಗಳಿವೆ. ಹೆಸರು ಸೇರಿಸಿದ ಮನೆಗಳಲ್ಲಿಯೂ, ಅಕ್ಕತಂಗಿಯರನ್ನು ಉಪನೋಂದಣಿ ಕಚೇರಿಗೆ ಕರೆದುಕೊಂಡು ಹೋಗಿ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸುವುದುಂಟು. ಯಾರೂ ಗದರಿಸುವುದಿಲ್ಲ, “ನಿನಗೇನು ಕಡಮೆಯಾಗಿದೆ, ಅಕ್ಕ?” ಎಂದಷ್ಟೇ ಕೇಳುತ್ತಾರೆ. ಅವಳು ಎಣಿಸುವುದು ಎಕರೆ ಗುಂಟೆಗಳನ್ನಲ್ಲ. ಗೌರಿಹಬ್ಬಕ್ಕೆ ತವರಿನಿಂದ ಬರುವ ಬಾಗಿನವನ್ನು, ಕಷ್ಟಕಾಲಕ್ಕೆ ತೆರೆದಿರಬೇಕಾದ ಒಂದು ಬಾಗಿಲನ್ನು. ಅಣ್ಣನಿಗೆ ಪಾಲು ಮತ್ತು ತಂಗಿ ಇಬ್ಬರೂ ದೊರೆಯುತ್ತಾರೆ. ತಂಗಿ ಮಾತ್ರ ಪಾಲು ಬೇಕೋ ಅಣ್ಣ ಬೇಕೋ ಎಂದು ಆರಿಸಿಕೊಳ್ಳಬೇಕು. ಪತ್ರದಲ್ಲಿ ‘ಸ್ವಸಂತೋಷದಿಂದ’ ಎಂದು ಬರೆದಿರುತ್ತದೆ. ಆ ಪದದ ಹಿಂದೆ ಎಷ್ಟು ಸಂತೋಷ, ಎಷ್ಟು ಭಯ ಇದೆಯೆಂದು ಕೇಳುವುದೇ ಸ್ತ್ರೀವಾದಿಯಾದ ಓದು.

ಉಯಿಲಿನ ಸಲಹೆಯನ್ನೂ ಇದೇ ಬೆಳಕಿನಲ್ಲಿ ನೋಡಬೇಕು. ಉಯಿಲು ಬರೆಯುವುದು ಕಷ್ಟವಲ್ಲ: ಇಬ್ಬರು ಸಾಕ್ಷಿಗಳ ಸಹಿ ಸಾಕು, ನೋಂದಣಿ ಕಡ್ಡಾಯವಲ್ಲ. ಸಂಬಳ ಪಡೆಯುವ, ಓದುಬರಹ ಬಲ್ಲ ಸ್ತ್ರೀ ನಾಳೆಯೇ ಬರೆಯಬಹುದು, ಬರೆಯಬೇಕು. ಆದರೆ ಹಕ್ಕು ಬಿಡುಗಡೆ ಪತ್ರಕ್ಕೆ ಇಲ್ಲವೆನ್ನಲಾರದ ಕೈ, ಗಂಡನ ಮನೆಯಲ್ಲಿ ಕುಳಿತು ‘ನನ್ನ ಅನಂತರ ನನ್ನ ತಾಯಿಗೆ’ ಎಂದು ಬರೆಯಬಲ್ಲುದೆ? ಉಯಿಲಿಲ್ಲದೆ ತೀರಿಕೊಳ್ಳುವ ಗಂಡಸಿನ ತಾಯಿಯನ್ನು ಕಾನೂನು ತಾನಾಗಿ ಕಾಯುತ್ತದೆ; ಹೆಂಗಸಿನ ತಾಯಿಯನ್ನು ಕಾಯಬೇಕಾದರೆ ಮಗಳು ಸಾವನ್ನು ಮುಂಗಂಡು ಕಾಗದಪತ್ರ ಮಾಡಿಟ್ಟಿರಬೇಕು. ಕಾನೂನಿನ ಹೊರೆಯನ್ನು ಒಬ್ಬೊಬ್ಬ ಹೆಣ್ಣುಮಗಳ ತಲೆಯ ಮೇಲೆ ಇಳಿಸಿದಂತಾಗಲಿಲ್ಲವೆ? ಹೊರೆ ಸಂಸತ್ತಿನದು. ಸ್ವಯಾರ್ಜಿತದ ಮಟ್ಟಿಗಾದರೂ ತಾಯಿತಂದೆಯರನ್ನು ಗಂಡನ ವಾರಸುದಾರರಿಗಿಂತ ಮೇಲೆ ತರುವುದಕ್ಕೆ ದೊಡ್ಡ ಕ್ರಾಂತಿ ಬೇಕಾಗಿಲ್ಲ. ಪಟ್ಟಿಯಲ್ಲಿ ಎರಡು ಸಾಲುಗಳು ಸ್ಥಾನ ಬದಲಾಯಿಸಿದರೆ ಸಾಕು.

ಸಾಹಿತ್ಯದ ವಿದ್ಯಾರ್ಥಿಗಳಿಗೆ ನನ್ನದೊಂದು ಬಿನ್ನಹ. ಪದ್ಯವೊಂದನ್ನು ಓದುವಾಗ ಯಾರು ಯಾರಿಗೆ ಹೇಳುತ್ತಿದ್ದಾರೆಂದು ಕೇಳುವ ಅಭ್ಯಾಸ ನಿಮಗಿದೆ. ಅದೇ ಪ್ರಶ್ನೆಯನ್ನು ಅಧಿನಿಯಮಗಳಿಗೂ ಕೇಳಿ. ಮನೆಯ ಕ್ರಯಪತ್ರ, ಬಿಡುಗಡೆ ಪತ್ರ, ವಂಶವೃಕ್ಷಗಳನ್ನು ಒಮ್ಮೆ ತೆಗೆದು, ಅವುಗಳಲ್ಲಿ ನಿಮ್ಮ ಅಜ್ಜಿಯ, ತಾಯಿಯ ಹೆಸರು ಎಲ್ಲಿದೆ, ಯಾವ ವಿಭಕ್ತಿಯಲ್ಲಿದೆ ಎಂದು ನೋಡಿ. ಕಲ್ಯಾಣದಲ್ಲಿ ಒಬ್ಬ ವ್ಯಾಖ್ಯಾನಕಾರ ‘ಮೊದಲಾದ’ ಎಂಬ ಪದದೊಳಗೆ ಹೆಣ್ಣಿನ ಗಳಿಕೆಗೆಲ್ಲ ಎಡೆಮಾಡಿದ ಒಂಬತ್ತು ಶತಮಾನಗಳ ಅನಂತರವೂ, ಆ ಗಳಿಕೆ ಅವಳ ತಾಯಿಗೆ ಸೇರಲು ನಾವು ಉಯಿಲನ್ನು ಕೇಳುತ್ತಿದ್ದೇವೆ.